'ಬರೀ ಹುಡುಗಿಯರ ಬ್ಯಾಂಡ್' ಅಂತ ಬರೆಯೋ ಮುಂಚೆ

1/10

ಮೊದಲು ತಪ್ಪೊಪ್ಪಿಗೆ. ಹೋದ ತಿಂಗಳು ನಮ್ಮ ಫೆಸ್ಟ್‌ನ ಬ್ಯಾಂಡ್ ಸ್ಪರ್ಧೆಗೆ ಪೋಸ್ಟರ್ ಮಾಡಿದ್ದು ನಾನೇ. ಒಟ್ಟು ಎಂಟು ತಂಡ. ಏಳು ತಂಡಗಳಿಗೆ ಹೆಸರು, ಲೀಡ್ ಯಾರು, ಯಾವ ಥರದ ಹಾಡು ಬಾರಿಸ್ತಾರೆ, ಎಲ್ಲಾ ನೀಟಾಗಿ ಹಾಕಿದ್ದೆ. ಎಂಟನೇದಕ್ಕೆ ಮಾತ್ರ ಗುಲಾಬಿ ಬಣ್ಣದಲ್ಲಿ, ದಪ್ಪ ಅಕ್ಷರದಲ್ಲಿ, 'ಬರೀ ಹುಡುಗಿಯರ ಬ್ಯಾಂಡ್! ಮಿಸ್ ಮಾಡ್ಕೋಬೇಡಿ!' ಅಂತ ಬರೆದೆ. ತಂಡದ ಹೆಸರು ಹಾಕೋದೇ ಮರೆತಿದ್ದೆ. ನೀವೆಲ್ಲಾ ಲೈಕ್ ಕೊಟ್ರಿ, ನನಗೂ ಖುಷಿ ಆಯ್ತು.

ಆ ತಂಡದ ಡ್ರಮ್ಮರ್ ನನಗೊಂದು ಮೆಸೇಜ್ ಹಾಕಿದ್ಲು: "ಉಳಿದ ಏಳಕ್ಕೂ 'ಬರೀ ಹುಡುಗರ ಬ್ಯಾಂಡ್' ಅಂತ ಯಾಕೆ ಹಾಕಿಲ್ಲ?"

ನಾನು ನಗೋ ಎಮೋಜಿ ಕಳಿಸಿ ಸುಮ್ಮನಾದೆ.

ಸ್ಪರ್ಧೆ ದಿನ ಅವರು ಚೆನ್ನಾಗಿ ಬಾರಿಸಿದ್ರು. ನಾನು ಸ್ಟೇಜ್ ಪಕ್ಕದಲ್ಲೇ ನಿಂತಿದ್ದೆ, ನನ್ನ ಕಿವಿಗೆ ಮೊದಲ ಮೂರರಲ್ಲಿ ಖಂಡಿತ ಇದ್ರು. ಫಲಿತಾಂಶದಲ್ಲಿ ಮೊದಲನೇದು ಇಲ್ಲ, ಎರಡನೇದು ಇಲ್ಲ, ಮೂರನೇದೂ ಇಲ್ಲ. ಕೊನೆಗೆ ಒಂದು 'ವಿಶೇಷ ಬಹುಮಾನ', ಹುಡುಗಿಯರ ಉತ್ಸಾಹಕ್ಕೆ ಅಂತ. ಉತ್ಸಾಹಕ್ಕಂತೆ! ಆರು ತಿಂಗಳು ಪ್ರಾಕ್ಟೀಸ್ ಮಾಡಿ ಕೈ ಬೊಬ್ಬೆ ಬರಿಸಿಕೊಂಡವರಿಗೆ ಉತ್ಸಾಹದ ಬಹುಮಾನ.

ಕಾಮೆಂಟ್‌ನಲ್ಲಿ ಜಗಳ ಶುರುವಾಯ್ತು. ನಿಮ್ಮಲ್ಲಿ ಅರ್ಧ ಜನ "ಪಬ್ಲಿಸಿಟಿ ಸಿಕ್ತಲ್ಲ, ಇನ್ನೇನು ಬೇಕು" ಅಂದ್ರಿ. ನಾನೂ ನನ್ನ ಪೋಸ್ಟರ್ ಪರವಾಗಿ ವಾದ ಮಾಡೋಣ ಅಂತ ಉದಾಹರಣೆ ಹುಡುಕೋಕೆ ಕೂತೆ. 'ಹುಡುಗಿಯರ ಬ್ಯಾಂಡ್' ಅನ್ನೋ ಬೋರ್ಡ್ ಹಾಕ್ಕೊಂಡು ಜಗತ್ತಿನಲ್ಲಿ ಯಾರು ದೊಡ್ಡವರಾಗಿದ್ದಾರೆ ಅಂತ ನೋಡ್ತಾ ನೋಡ್ತಾ 1930ರ ದಶಕದ ಅಮೆರಿಕಕ್ಕೆ ಹೋಗಿ ಬಿದ್ದೆ. ಅಲ್ಲಿ ಸಿಕ್ಕಿದ್ದು ನನ್ನ ವಾದಕ್ಕೆ ಪೂರ್ತಿ ಉಲ್ಟಾ.

ಹತ್ತು ಪೋಸ್ಟ್ ಇದೆ. ಉದ್ದ ಇದೆ. ನನ್ನ ಪೋಸ್ಟರ್‌ಗೆ ಲೈಕ್ ಕೊಟ್ಟವರು ಇದನ್ನೂ ಓದ್ಬೇಕು.

2/10

ಸ್ವಿಂಗ್ ಅಂದ್ರೆ ಜಾಝ್ ಸಂಗೀತದ ಒಂದು ಬಗೆ. 1930ರ ದಶಕದ ಮಧ್ಯದಿಂದ ಹತ್ತು ವರ್ಷ ಅಮೆರಿಕದ ಪಾಪ್ ಸಂಗೀತ ಅಂದ್ರೆ ಇದೇ. ಹದಿನೈದರ ಆಸುಪಾಸು ಜನ ಇರೋ ದೊಡ್ಡ ಬ್ಯಾಂಡ್. ಟ್ರಂಪೆಟ್ ಒಂದು ಸಾಲು, ಟ್ರಾಂಬೋನ್ ಒಂದು ಸಾಲು, ಸ್ಯಾಕ್ಸೊಫೋನ್ ಒಂದು ಸಾಲು, ಹಿಂದೆ ಪಿಯಾನೊ, ಗಿಟಾರ್, ಬಾಸ್, ಡ್ರಮ್ಸ್. ಜನ ಕೈಕಟ್ಟಿ ಕೂತು ಕೇಳ್ತಿರಲಿಲ್ಲ, ಹಾಲ್ ತುಂಬಾ ಕುಣೀತಿದ್ರು.

ಬೆನ್ನಿ ಗುಡ್‌ಮನ್, ಡ್ಯೂಕ್ ಎಲಿಂಗ್ಟನ್, ಕೌಂಟ್ ಬೇಸಿ, ಗ್ಲೆನ್ ಮಿಲ್ಲರ್. ಈ ಹೆಸರಲ್ಲಿ ಒಂದಾದ್ರೂ ಎಲ್ಲೋ ಕೇಳಿರ್ತೀರ. ಇವರೆಲ್ಲಾ ಬ್ಯಾಂಡ್‌ಲೀಡರ್‌ಗಳು.

ಬ್ಯಾಂಡ್‌ಲೀಡರ್ ಅಂದ್ರೆ ಮುಂದೆ ನಿಂತು ಕೋಲು ಆಡಿಸೋನು ಅಷ್ಟೇ ಅಂದ್ಕೊಂಡಿದ್ದೆ. ಅಲ್ಲ ಮಾರಾಯ್ರೆ. ಬಿಕಾಂ ಭಾಷೆಯಲ್ಲಿ ಹೇಳಿದ್ರೆ ಅವನು ಪ್ರೊಪ್ರೈಟರ್. ಯಾರನ್ನ ಸೇರಿಸ್ಕೋಬೇಕು, ಯಾರನ್ನ ಬಿಡಬೇಕು, ವಾರದ ಸಂಬಳ, ಬಸ್ಸಿನ ಖರ್ಚು, ಯೂನಿಫಾರ್ಮ್, ಹಾಲ್ ಮಾಲೀಕರ ಜೊತೆ ಕಾಂಟ್ರ್ಯಾಕ್ಟ್, ಯಾವ ಹಾಡು ಯಾರ ಕೈಲಿ ಅರೇಂಜ್ ಮಾಡಿಸಬೇಕು, ರಾತ್ರಿ ಹದಿನೈದು ಜನಕ್ಕೆ ಮಲಗೋಕೆ ಜಾಗ ಎಲ್ಲಿ, ಎಲ್ಲಾ ತಲೆನೋವು ಅವನದ್ದೇ. ಲಾಭ ಬಂದ್ರೆ ಅವನ ಹೆಸರು. ನಷ್ಟ ಬಂದ್ರೂ ಅವನ ಹೆಸರು.

'ಅವನು' 'ಅವನ' ಅಂತ ನಾಲ್ಕು ಸಲ ಬರೆದೆ ನೋಡಿ. ಬೇಕಂತಲೇ ಬರೆದೆ. ಓದುವಾಗ ನಿಮಗೆ ಏನಾದ್ರೂ ವಿಚಿತ್ರ ಅನ್ನಿಸ್ತಾ? ಇಲ್ಲ ಅಲ್ವಾ?

ಈ ಕೆಲಸವನ್ನ ಅದೇ ಕಾಲದಲ್ಲಿ, ಅದೇ ರಸ್ತೆಗಳಲ್ಲಿ, ಅದೇ ಥಿಯೇಟರ್‌ಗಳಲ್ಲಿ ಹೆಂಗಸರೂ ಮಾಡಿದ್ರು. ಕದ್ದುಮುಚ್ಚಿ ಮಾಡಲಿಲ್ಲ. ಸಿನಿಮಾದಲ್ಲಿ ಬಂದ್ರು, ರೇಡಿಯೋದಲ್ಲಿ ಬಂದ್ರು, ಟಿಕೆಟ್ ಮಾರಿದ್ರು. ಎಲ್ಲಾ ಹೆಸರು ಇಲ್ಲಿ ಹಾಕೋಕೆ ಆಗಲ್ಲ, ಐದು ಕಥೆ ಹೇಳ್ತೀನಿ. ಆಮೇಲೆ ಜಗಳ ಮುಂದುವರಿಸೋಣ.

3/10

ಬ್ಲಾಂಚ್ ಕ್ಯಾಲೊವೇ. ಹುಟ್ಟಿದ್ದು 1902. ತಮ್ಮನ ಹೆಸರು ಕ್ಯಾಬ್ ಕ್ಯಾಲೊವೇ. ಜಾಝ್ ಗೊತ್ತಿರೋರಿಗೆ ತಮ್ಮ ಗೊತ್ತು: ನ್ಯೂಯಾರ್ಕ್‌ನ ಕಾಟನ್ ಕ್ಲಬ್ಬಿನ ಸ್ಟಾರ್, ಬಿಳಿ ಸೂಟು, ಕುಣಿತ, ಜನರ ಹತ್ರ ಸಾಲು ತಿರುಗಿಸಿ ಹಾಡಿಸೋ ಸ್ಟೈಲು. ಅಕ್ಕ ಯಾರಿಗೂ ಗೊತ್ತಿಲ್ಲ. ಆದ್ರೆ ಸ್ಟೇಜಿಗೆ ಮೊದಲು ಬಂದಿದ್ದು ಅಕ್ಕ. ತಾನಿದ್ದ ನಾಟಕ ತಂಡದಲ್ಲಿ ತಮ್ಮನಿಗೆ ಜಾಗ ಕೊಡಿಸಿದ್ದು ಅಕ್ಕ. ತನ್ನ ಮೇಲೆ ಅಕ್ಕನ ಪ್ರಭಾವ ಎಷ್ಟಿತ್ತು ಅನ್ನೋದನ್ನ ತಮ್ಮನೇ ಒಪ್ಪಿಕೊಂಡಿದ್ದಾನೆ.

1931ರಲ್ಲಿ ಅವಳು 'ಬ್ಲಾಂಚ್ ಕ್ಯಾಲೊವೇ ಅಂಡ್ ಹರ್ ಜಾಯ್ ಬಾಯ್ಸ್' ಹೆಸರಲ್ಲಿ ರೆಕಾರ್ಡ್ ಮಾಡಿದ್ಲು. ಬ್ಯಾಂಡ್ ಪೂರ್ತಿ ಗಂಡಸರು, ಯಜಮಾನಿ ಇವಳು. ಆ ಬ್ಯಾಂಡಿನಲ್ಲಿದ್ದ ಸ್ಯಾಕ್ಸೊಫೋನ್‌ನ ಬೆನ್ ವೆಬ್‌ಸ್ಟರ್, ಡ್ರಮ್ಮರ್ ಕೋಝಿ ಕೋಲ್ ಮುಂದೆ ಜಾಝ್‌ನ ದೊಡ್ಡ ಹೆಸರುಗಳಾದ್ರು.

ಇನ್ನು 1936ಕ್ಕೆ ಬನ್ನಿ. ಅಮೆರಿಕದ ದಕ್ಷಿಣದಲ್ಲಿ ಆಗ ಕಪ್ಪು ವರ್ಣೀಯರಿಗೆ ಬೇರೆ ನಲ್ಲಿ, ಬೇರೆ ಸೀಟು, ಬೇರೆ ಶೌಚಾಲಯ. ಮಿಸಿಸಿಪ್ಪಿಯ ಯಾಝೂ ಸಿಟಿಯ ಒಂದು ಪೆಟ್ರೋಲ್ ಬಂಕ್‌ನಲ್ಲಿ ಬ್ಲಾಂಚ್ ಬಿಳಿ ಹೆಂಗಸರ ಶೌಚಾಲಯಕ್ಕೆ ಹೋದ್ಲು ಅಂತ ಪೊಲೀಸರು ಜೈಲಿಗೆ ಹಾಕಿದ್ರು. ಬ್ಯಾಂಡಿನ ಒಬ್ಬನಿಗೆ ಪಿಸ್ತೂಲಿನ ಹಿಡಿಯಿಂದ ಹೊಡೆದ್ರು. ದಂಡ 7.50 ಡಾಲರ್. ಅವಳು ಒಳಗಿದ್ದಾಗ ಬ್ಯಾಂಡಿನವನೇ ಒಬ್ಬ ಕ್ಯಾಶ್ ಎತ್ತಿಕೊಂಡು ಓಡಿಹೋದ. ನಡುದಾರಿಯಲ್ಲಿ ದುಡ್ಡಿಲ್ಲ. ತನ್ನ ಹಳದಿ ಕ್ಯಾಡಿಲ್ಯಾಕ್ ಕಾರ್ ಮಾರಿ ಅಲ್ಲಿಂದ ಹೊರಟಳು. 1938ರಲ್ಲಿ ದಿವಾಳಿ ಅರ್ಜಿ.

ಬಸ್ಸು, ಸಂಬಳ, ಕಳ್ಳತನ, ದಂಡ, ದಿವಾಳಿ. ಪ್ರೊಪ್ರೈಟರ್ ತಲೆ ಮೇಲೆ ಬರೋದೆಲ್ಲಾ ಅವಳ ತಲೆ ಮೇಲೆ ಬಂತು, ಜೊತೆಗೆ ಬಣ್ಣದ ಕಾರಣಕ್ಕೆ ಬಂದಿದ್ದು ಬೇರೆ. ಆಮೇಲೂ ಸುಮ್ನೆ ಕೂರಲಿಲ್ಲ. ಫ್ಲಾರಿಡಾದಲ್ಲಿ ರೇಡಿಯೋ ಜಾಕಿ ಆದ್ಲು. 1968ರಲ್ಲಿ ಕಪ್ಪು ಹೆಂಗಸರಿಗೋಸ್ಕರ ಕಾಸ್ಮೆಟಿಕ್ಸ್ ಕಂಪನಿ ಶುರು ಮಾಡಿದ್ಲು.

ಇವಳಿಗೆ ಯಾವ ಬಹುಮಾನ ಕೊಡ್ತೀರ? ಉತ್ಸಾಹಕ್ಕಾ?

4/10

"ಸರಿ, ಆದ್ರೆ ಲುಕ್ಸ್ ಮೇಲೆ ಓಡಿದ ಬ್ಯಾಂಡ್‌ಗಳೂ ಇರ್ಲಿಲ್ವಾ?" ಅಂತ ಕೇಳೋರಿಗೆ ಈ ಪೋಸ್ಟ್.

ಇದ್ವು. ಐನಾ ರೇ ಹಟನ್ ಅದಕ್ಕೆ ಎಲ್ಲಕ್ಕಿಂತ ಫೇಮಸ್ ಉದಾಹರಣೆ. ಹುಟ್ಟಿದ್ದು 1916ರಲ್ಲಿ ಶಿಕಾಗೊದಲ್ಲಿ, ನಿಜವಾದ ಹೆಸರು ಒಡೆಸ್ಸಾ ಕೋವನ್. 1934ರಲ್ಲಿ ಇರ್ವಿಂಗ್ ಮಿಲ್ಸ್ ಅನ್ನೋ ದೊಡ್ಡ ಮ್ಯಾನೇಜರ್, ಡ್ಯೂಕ್ ಎಲಿಂಗ್ಟನ್‌ನ ಮ್ಯಾನೇಜರೂ ಅವನೇ, ಹೆಂಗಸರ ಬ್ಯಾಂಡ್ ಕಟ್ಟಿ ಇವಳನ್ನ ಮುಂದೆ ನಿಲ್ಲಿಸಿದ. ಹೆಸರು 'ಮೆಲೊಡಿಯರ್ಸ್'. ಇವಳ ಬಿರುದು 'ಬ್ಲಾಂಡ್ ಬಾಂಬ್‌ಶೆಲ್ ಆಫ್ ರಿದಮ್'. ಹೊಳೆಯೋ ಗೌನು, ಕೈಯಲ್ಲಿ ಬ್ಯಾಟನ್, ಇಡೀ ಮೈ ಕುಣಿಸ್ತಾ ಕಂಡಕ್ಟ್ ಮಾಡ್ತಿದ್ಲು. ಪ್ಯಾರಾಮೌಂಟ್‌ನವರ ಕಿರುಚಿತ್ರಗಳಿವೆ, ಇವತ್ತೂ ನೋಡಬಹುದು. ಕ್ಯಾಮೆರಾ ಅವಳ ಸೊಂಟದ ಮೇಲೇ ಇರುತ್ತೆ. ನಾನು ಅದನ್ನ ಅಲ್ಲ ಅನ್ನಲ್ಲ.

ಆದ್ರೆ ಆ ಗೌನಿನ ಹಿಂದೆ ಕೂತೋರನ್ನ ನೋಡಿ. ಆ ಬ್ಯಾಂಡಿನಲ್ಲಿ ಕೆಲ ಕಾಲ ಪಿಯಾನೊ ನುಡಿಸಿದವಳು ಕೆನಡಾದ ರೂತ್ ಲೋ. ಗಂಡ ಚಿಕ್ಕ ವಯಸ್ಸಿಗೇ ತೀರಿಕೊಂಡಾಗ ಅವಳು ಬರೆದ ಹಾಡು 'ಐ'ಲ್ ನೆವರ್ ಸ್ಮೈಲ್ ಅಗೇನ್'. 1940ರಲ್ಲಿ ಟಾಮಿ ಡಾರ್ಸಿಯ ಬ್ಯಾಂಡ್ ಜೊತೆ ಫ್ರಾಂಕ್ ಸಿನಾಟ್ರಾ ಹಾಡಿದ. ಬಿಲ್‌ಬೋರ್ಡ್ ಪತ್ರಿಕೆ ರೆಕಾರ್ಡ್ ಮಾರಾಟದ ರಾಷ್ಟ್ರೀಯ ಪಟ್ಟಿ ಶುರು ಮಾಡಿದಾಗ ಮೊಟ್ಟಮೊದಲು ನಂಬರ್ ಒನ್ ಆಗಿದ್ದು ಅದೇ ಹಾಡು. ಕ್ಯಾಮೆರಾ ಸೊಂಟ ನೋಡ್ತಿದ್ದಾಗ ಪಿಯಾನೊ ಮುಂದೆ ಸಿನಾಟ್ರಾನ ಮೊದಲ ದೊಡ್ಡ ಹಿಟ್ ಬರೆಯೋಳು ಕೂತಿದ್ಲು.

ಇನ್ನೊಂದು ವಿಷಯ. ಐನಾ ಸತ್ತಿದ್ದು 1984ರಲ್ಲಿ. ಎಷ್ಟೋ ವರ್ಷ ಆದ್ಮೇಲೆ ಹಳೇ ಜನಗಣತಿ ಕಾಗದ ತೆಗೆದು ನೋಡಿದ್ರೆ, ಅವಳ ಕುಟುಂಬವನ್ನ ಅದರಲ್ಲಿ ಕಪ್ಪು ವರ್ಣೀಯರು ಅಂತ ದಾಖಲಿಸಿದ್ರು. ಬೆಳೆದದ್ದೂ ಶಿಕಾಗೊದ ಕಪ್ಪು ಜನರ ಬಡಾವಣೆಯಲ್ಲೇ. ಅಮೆರಿಕದ 'ಬ್ಲಾಂಡ್ ಬಾಂಬ್‌ಶೆಲ್' ಜೀವನಪೂರ್ತಿ ಬಿಳಿಯಳು ಅಂತಲೇ ಬದುಕಿದ್ಲು. ಎರಡು ಲೇಬಲ್ ಹೊತ್ಕೊಂಡು ಓಡಾಡಿದ ಹೆಂಗಸು ಇವಳು, ಒಂದನ್ನ ಮಾರೋಕೆ, ಒಂದನ್ನ ಮುಚ್ಚೋಕೆ. "ಲುಕ್ಸ್ ಮೇಲೆ ಬಂದೋಳು" ಅಂತ ಒಂದೇ ಮಾತಲ್ಲಿ ತೀರ್ಪು ಕೊಡೋದು ನಮಗೆ ಎಷ್ಟು ಸುಲಭ.

5/10

ಈಗ ನನಗೆ ತುಂಬಾ ಸಿಟ್ಟು ಬರಿಸಿದ ಕಥೆ.

'ಡೌನ್‌ಬೀಟ್' ಅಂತ ಜಾಝ್ ಪತ್ರಿಕೆ. ಆ ಲೋಕದವರು ಕಾಯ್ಕೊಂಡು ಓದ್ತಿದ್ದ ಪತ್ರಿಕೆ. 1938ರ ಫೆಬ್ರವರಿಯಲ್ಲಿ ಅದರಲ್ಲೊಂದು ಲೇಖನ ಬಂತು, ಹೆಂಗಸರು ಸಂಗೀತಗಾರರಾಗಿ ಯಾಕೆ ಕೀಳು ಅಂತ. ಬರೆದವನ ಹೆಸರಿಲ್ಲ. ಧೈರ್ಯ ನೋಡಿ! ವಾದ ಏನಪ್ಪಾ ಅಂದ್ರೆ, ಹೆಂಗಸರ ಮನಸ್ಸು ಸ್ಥಿರ ಇಲ್ಲ, ಅದಕ್ಕೇ ಒಂದೇ ಸಮ ಬಾರಿಸೋಕೆ ಆಗಲ್ಲ. ಊದುವಾಗ ಮುಖ ವಿಕಾರ ಆಗುತ್ತೆ ಅನ್ನೋ ಚಿಂತೆ ಬೇರೆ ಅವರಿಗೆ.

ಪೆಗ್ಗಿ ಗಿಲ್ಬರ್ಟ್ ಅನ್ನೋ ಸ್ಯಾಕ್ಸೊಫೋನ್ ವಾದಕಿ ಉತ್ತರ ಬರೆದ್ಲು. ಅಯೋವಾದ ಸೂ ಸಿಟಿಯಲ್ಲಿ 1905ರಲ್ಲಿ ಹುಟ್ಟಿದವಳು, ಲಾಸ್ ಏಂಜಲಿಸ್‌ನಲ್ಲಿ ಸ್ವಂತ ಬ್ಯಾಂಡ್ ನಡೆಸ್ತಿದ್ಲು. ಅವಳ ವಾದದ ಸಾರ ಇದು: ನೀವು ನಮ್ಮನ್ನ ಕೆಲಸಕ್ಕೆ ತಗೊಳ್ಳೋದೇ ಮುಖ ನೋಡಿ, ಮೈ ನೋಡಿ. ತಗೊಂಡ ಮೇಲೆ ಸ್ಟೇಜ್ ಮೇಲೆ ನಗ್ತಾ ಇರಿ ಅಂತೀರ. ಬಾಯಲ್ಲಿ ವಾದ್ಯ ಇಟ್ಕೊಂಡು ನಗೋದು ಹೇಗೆ? ಗಂಡಸಿಗೆ ಪಳಗೋಕೆ ಸಿಗೋ ಅವಕಾಶ ನಮಗೆ ಸಿಗಲ್ಲ. ಆಮೇಲೆ ಪಳಗಿಲ್ಲ ಅಂತ ನೀವೇ ಬರೀತೀರ.

ಕರೆಕ್ಟಾಗಿ ಹೇಳಿದ್ಲು ಅಲ್ವಾ? ಇಲ್ಲಿ ಪ್ರಶ್ನೆ ಕೇಳಿದ್ದು ವೃತ್ತಿಯ ಬಗ್ಗೆ, ಕೂಲಿಯ ಬಗ್ಗೆ, ಅವಕಾಶದ ಬಗ್ಗೆ.

ಏಪ್ರಿಲ್‌ನಲ್ಲಿ ಪತ್ರಿಕೆ ಅದನ್ನ ಪ್ರಕಟಿಸ್ತು. ತಲೆಬರಹ ಅವಳದ್ದಲ್ಲ, ಸಂಪಾದಕರು ಇಟ್ಟದ್ದು: ಹೆಂಗಸರ ಒಳ ಉಡುಪು ಹಾಕ್ಕೊಂಡು ಹಾರ್ನ್ ಊದೋದು ಹೇಗೆ ಅನ್ನೋ ಅರ್ಥದ ಜೋಕು. ಅವಳಿಗೆ ಮುಜುಗರ ಆಗಿ ಹೋಯ್ತು. ಒಂದು ಪುಟದ ಗಂಭೀರ ವಾದವನ್ನ ಒಂದು ಸಾಲಿನ ತಲೆಬರಹ ತಿಂದು ಹಾಕ್ತು.

ನನ್ನ ಗುಲಾಬಿ ಅಕ್ಷರ ನನಗೆ ನೆನಪಾಗಿದ್ದು ಇಲ್ಲೇ. ಆ ಸಂಪಾದಕರೂ ಬಹುಶಃ "ತಮಾಷೆಗೆ ಹಾಕಿದ್ದು, ಜನ ಓದ್ಲಿ ಅಂತ" ಅಂದಿರ್ತಾರೆ. ನಾನೂ ಅದನ್ನೇ ಅಂದಿದ್ದೆ.

ಪೆಗ್ಗಿ ಬಿಡಲಿಲ್ಲ. 1974ರಲ್ಲಿ, ಎಪ್ಪತ್ತರ ಹತ್ತಿರ ಬಂದಾಗ, 'ಡಿಕ್ಸಿ ಬೆಲ್ಸ್' ಅಂತ ವಯಸ್ಸಾದ ಹೆಂಗಸರ ಹೊಸ ಬ್ಯಾಂಡ್ ಕಟ್ಟಿದ್ಲು. ತೀರಿಕೊಂಡಿದ್ದು 2007ರಲ್ಲಿ, 102 ವರ್ಷಕ್ಕೆ. ಮನಸ್ಸು ಸ್ಥಿರ ಇಲ್ಲ ಅಂತ ಬರೆದವನ ಹೆಸರು ಪತ್ರಿಕೆಯಲ್ಲೂ ಇರಲಿಲ್ಲ.

6/10

ಲಿಲ್ ಹಾರ್ಡಿನ್. ಮೆಂಫಿಸ್‌ನಲ್ಲಿ 1898ರಲ್ಲಿ ಹುಟ್ಟಿದ ಪಿಯಾನೊ ವಾದಕಿ. ಶಿಕಾಗೊದಲ್ಲಿ ಕಿಂಗ್ ಆಲಿವರ್ ಅನ್ನೋ ದಿಗ್ಗಜನ ಬ್ಯಾಂಡಿನಲ್ಲಿದ್ಲು. ಅಲ್ಲಿಗೆ ಎರಡನೇ ಕಾರ್ನೆಟ್ ಊದೋಕೆ ಬಂದ ಒಬ್ಬ ನಾಚಿಕೆ ಸ್ವಭಾವದ ಹುಡುಗ. 1924ರಲ್ಲಿ ಇಬ್ಬರೂ ಮದುವೆ ಆದ್ರು. "ನೀನು ಇಲ್ಲೇ ಇದ್ರೆ ಯಾವತ್ತೂ ಎರಡನೇಯವನೇ, ಹೊರಗೆ ಹೋಗು" ಅನ್ನೋ ಅರ್ಥದಲ್ಲಿ ಅವನನ್ನ ಆ ಬ್ಯಾಂಡ್ ಬಿಡಿಸಿದ್ದು ಇವಳು. ಹುಡುಗನ ಹೆಸರು ಲೂಯಿ ಆರ್ಮ್‌ಸ್ಟ್ರಾಂಗ್.

1925ರಿಂದ ಅವನು ಮಾಡಿದ 'ಹಾಟ್ ಫೈವ್' ರೆಕಾರ್ಡ್‌ಗಳನ್ನ ಜಾಝ್‌ನ ಅಡಿಪಾಯ ಅಂತಾರೆ. ಅದರಲ್ಲಿ ಪಿಯಾನೊ ಇವಳದ್ದು, ಹಲವು ಹಾಡುಗಳ ರಚನೆಯೂ ಇವಳದ್ದು.

ಇಬ್ಬರೂ ಬೇರೆಯಾದ ಮೇಲೆ 1930ರ ದಶಕದಲ್ಲಿ ಲಿಲ್ ಸ್ವಂತ ಬ್ಯಾಂಡ್ ಮಾಡಿದ್ಲು. ಒಮ್ಮೆ ಹೆಂಗಸರದ್ದು, ಒಮ್ಮೆ ಗಂಡಸರದ್ದು. ಬೋರ್ಡಿನಲ್ಲಿ ಏನಂತ ಬರೀತಿದ್ರು ಗೊತ್ತಾ? 'ಮಿಸೆಸ್ ಲೂಯಿ ಆರ್ಮ್‌ಸ್ಟ್ರಾಂಗ್ ಅಂಡ್ ಹರ್ ಆರ್ಕೆಸ್ಟ್ರಾ'. ಅವನನ್ನ ಮುಂದೆ ತಳ್ಳಿದವಳು, ಬೋರ್ಡಿನಲ್ಲಿ ಅವನ ಹೆಂಡತಿ. ಅದೇ ಹೆಸರಿಗೆ ಟಿಕೆಟ್ ಬರುತ್ತೆ ಅಂತ ಅವಳಿಗೂ ಗೊತ್ತಿತ್ತು. ವ್ಯಾಪಾರ ಅಂದ್ರೆ ಇದೇ. ತಪ್ಪು ಅವಳದ್ದು ಅಂತ ನಾನು ಹೇಳ್ತಿಲ್ಲ. ಅವಳ ಹೆಸರಿಗೆ ಬೆಲೆ ಇಲ್ಲದ ಮಾರ್ಕೆಟ್ ಕಟ್ಟಿದ್ದು ಯಾರು ಅಂತ ಕೇಳ್ತಿದ್ದೀನಿ.

ಆ ದಶಕದ ಕೊನೇಲಿ ಡೆಕ್ಕಾ ಕಂಪನಿಗೆ ತನ್ನ ಹೆಸರಲ್ಲೇ ಸ್ವಿಂಗ್ ರೆಕಾರ್ಡ್ ಮಾಡಿದ್ಲು. ಆಗ ಬರೆದ 'ಜಸ್ಟ್ ಫಾರ್ ಎ ಥ್ರಿಲ್' ಹಾಡನ್ನ 1959ರಲ್ಲಿ ರೇ ಚಾರ್ಲ್ಸ್ ಹಾಡಿ ದೊಡ್ಡದು ಮಾಡಿದ.

1971ರ ಜುಲೈನಲ್ಲಿ ಲೂಯಿ ತೀರಿಕೊಂಡ. ಆಗಸ್ಟ್ 27ಕ್ಕೆ ಶಿಕಾಗೊದಲ್ಲಿ ಅವನ ನೆನಪಿನ ಕಛೇರಿ. ಲಿಲ್ ಪಿಯಾನೊ ನುಡಿಸ್ತಾ ನುಡಿಸ್ತಾ ಅಲ್ಲೇ ಕುಸಿದುಬಿದ್ದು ಸತ್ತುಹೋದ್ಲು. ಇದನ್ನ ಓದಿದವರೆಲ್ಲಾ "ಎಂಥಾ ಪ್ರೀತಿ" ಅಂತಾರೆ. ಇರಬಹುದು. ನನಗೆ ಕಾಣೋದು ಎಪ್ಪತ್ತು ದಾಟಿದ ಒಬ್ಬ ವೃತ್ತಿಪರ ಸಂಗೀತಗಾರ್ತಿ, ಕೊನೇ ಉಸಿರಿನ ತನಕ ಕೆಲಸದಲ್ಲಿದ್ದವಳು.

7/10

ಇವರೆಲ್ಲರಲ್ಲಿ ನಾನು ಮನಸೋತಿದ್ದು ಈ ಬ್ಯಾಂಡಿಗೆ: ಇಂಟರ್‌ನ್ಯಾಷನಲ್ ಸ್ವೀಟ್‌ಹಾರ್ಟ್ಸ್ ಆಫ್ ರಿದಮ್.

ಶುರುವಾಗಿದ್ದು ಮಿಸಿಸಿಪ್ಪಿಯ ಪೈನಿ ವುಡ್ಸ್ ಅನ್ನೋ ಶಾಲೆಯಲ್ಲಿ. ಬಡ ಕಪ್ಪು ಮಕ್ಕಳಿಗೆ ಅಂತ ಲಾರೆನ್ಸ್ ಜೋನ್ಸ್ 1909ರಲ್ಲಿ ಕಟ್ಟಿದ ಶಾಲೆ. ಶಾಲೆಗೆ ದುಡ್ಡು ಬೇಕಿತ್ತು. 1937ರಲ್ಲಿ ಹುಡುಗಿಯರ ಸ್ವಿಂಗ್ ಬ್ಯಾಂಡ್ ಮಾಡಿ ಊರೂರಿಗೆ ಕಳಿಸಿದ್ರು. ನಮಗಿಂತ ಚಿಕ್ಕ ಹುಡುಗಿಯರು. ಕಪ್ಪು ವರ್ಣೀಯರು ಹೆಚ್ಚು, ಜೊತೆಗೆ ಚೀನೀ, ಮೆಕ್ಸಿಕನ್, ಮೂಲನಿವಾಸಿ ರಕ್ತದವರೂ ಇದ್ರು. 'ಇಂಟರ್‌ನ್ಯಾಷನಲ್' ಅನ್ನೋ ಹೆಸರು ಅದಕ್ಕೇ.

1941ರಲ್ಲಿ ಬ್ಯಾಂಡ್ ಶಾಲೆಯಿಂದ ಬೇರೆಯಾಯ್ತು, ವರ್ಜೀನಿಯಾದ ಆರ್ಲಿಂಗ್ಟನ್‌ನಲ್ಲಿ ನೆಲೆ ಮಾಡ್ತು. ಲೀಡರ್ ಆಗಿ ಬಂದವಳು ಆನಾ ಮೇ ವಿನ್‌ಬರ್ನ್. ಅದಕ್ಕೂ ಮುಂಚೆ ಒಮಾಹಾದಲ್ಲಿ ಗಂಡಸರ ಬ್ಯಾಂಡ್ ನಡೆಸಿದ್ದವಳು. ಟ್ರಂಪೆಟ್‌ಗೆ ಟೈನಿ ಡೇವಿಸ್, ಟೆನರ್ ಸ್ಯಾಕ್ಸೊಫೋನ್‌ಗೆ ವೈ ಬರ್ನ್‌ಸೈಡ್, ಡ್ರಮ್ಸ್‌ಗೆ ಪಾಲೀನ್ ಬ್ರಾಡಿ. ಹಾಡುಗಳನ್ನ ಅರೇಂಜ್ ಮಾಡಿ ತರಬೇತಿ ಕೊಟ್ಟವರಲ್ಲಿ ಎಡ್ಡಿ ಡರ್ಹಾಮ್ ಒಬ್ಬ. ಕೌಂಟ್ ಬೇಸಿಗೂ ಗ್ಲೆನ್ ಮಿಲ್ಲರ್‌ಗೂ ಅರೇಂಜ್ ಮಾಡಿದವನೇ ಅವನು. ಅಂದ್ರೆ ಇವರಿಗೆ ಸುಲಭದ ಪಾಠ ಇರಲಿಲ್ಲ, ಗಂಡಸರ ಬ್ಯಾಂಡಿನದ್ದೇ ಸಿಲೆಬಸ್. ಅದೇ ವರ್ಷ ವಾಷಿಂಗ್ಟನ್‌ನ ಹವರ್ಡ್ ಥಿಯೇಟರ್‌ನಲ್ಲಿ ಒಂದೇ ವಾರದಲ್ಲಿ 35,000 ಜನ ಟಿಕೆಟ್ ತಗೊಂಡು ಬಂದ್ರು.

ಈಗ ಬಿಕಾಂನವರು ಗಮನ ಕೊಡಿ. ಸ್ಯಾಕ್ಸೊಫೋನ್ ವಾದಕಿ ವಿಲ್ಲಿ ಮೇ ವಾಂಗ್ ಆಮೇಲೆ ನೆನಪಿಸಿಕೊಂಡ ಲೆಕ್ಕ ಇದು. ಊಟಕ್ಕೆ ದಿನಕ್ಕೆ 1 ಡಾಲರ್, ಕೈಖರ್ಚಿಗೆ ವಾರಕ್ಕೆ 1 ಡಾಲರ್. ವಾರಕ್ಕೆ ಒಟ್ಟು 8 ಡಾಲರ್. ಎಷ್ಟೋ ವರ್ಷ ಹೀಗೇ. ಆಮೇಲೆ 'ಭಾರಿ' ಏರಿಕೆ ಆಗಿ 15 ಡಾಲರ್.

35,000 ಟಿಕೆಟ್ ಒಂದು ಕಡೆ ಬರೀರಿ. ವಾರಕ್ಕೆ 8 ಡಾಲರ್ ಇನ್ನೊಂದು ಕಡೆ ಬರೀರಿ. 'ಹುಡುಗಿಯರ ಬ್ಯಾಂಡ್' ಅನ್ನೋ ಬೋರ್ಡಿನಿಂದ ಪಬ್ಲಿಸಿಟಿ ಸಿಗುತ್ತೆ ಅಂದ್ರಲ್ಲ, ಸಿಕ್ಕೇ ಸಿಗ್ತು. ಸಿಕ್ಕ ದುಡ್ಡು ಯಾರ ಖಾತೆಗೆ ಹೋಯ್ತು ಅಂತ ಯಾಕೆ ಯಾರೂ ಕೇಳಲ್ಲ?

8/10

ಸ್ವೀಟ್‌ಹಾರ್ಟ್ಸ್ ಇನ್ನೂ ಮುಗಿದಿಲ್ಲ.

ದಕ್ಷಿಣದ ಊರುಗಳಲ್ಲಿ ಕಪ್ಪು ಸಂಗೀತಗಾರರಿಗೆ ಲಾಡ್ಜ್ ಸಿಗ್ತಿರಲಿಲ್ಲ, ಹೋಟೆಲಲ್ಲಿ ಊಟ ಹಾಕ್ತಿರಲಿಲ್ಲ. ಹಾಗಾಗಿ ಬಸ್ಸಲ್ಲೇ ಮಲಗೋಕೆ ಜಾಗ ಮಾಡ್ಕೊಂಡಿದ್ರು. ಬಸ್ಸಲ್ಲೇ ನಿದ್ದೆ, ಬಸ್ಸಲ್ಲೇ ಊಟ, ಸಂಜೆ ಇಳಿದು ಗೌನ್ ಹಾಕ್ಕೊಂಡು ರಾತ್ರಿಯೆಲ್ಲಾ ಬಾರಿಸೋದು.

1943ರಿಂದ ಬ್ಯಾಂಡಿಗೆ ಬಿಳಿಯ ಹುಡುಗಿಯರೂ ಸೇರಿದ್ರು. ಸ್ಯಾಕ್ಸೊಫೋನ್‌ನ ರಾಝ್ ಕ್ರಾನ್ ಅವರಲ್ಲೊಬ್ಬಳು. ಕಪ್ಪು ಬಿಳಿ ಜನ ಒಟ್ಟಿಗೆ ಪ್ರಯಾಣ ಮಾಡೋದು, ಊಟ ಮಾಡೋದು, ಸ್ಟೇಜ್ ಹಂಚಿಕೊಳ್ಳೋದು ಅಲ್ಲಿ ಕಾನೂನಿಗೇ ವಿರುದ್ಧ. ಪೊಲೀಸ್ ಬಂದ್ರೆ ಇಡೀ ಬ್ಯಾಂಡ್ ಒಳಗೆ. ಅದಕ್ಕೇ ರಾಝ್ ಮುಖಕ್ಕೆ ಗಾಢ ಬಣ್ಣದ ಮೇಕಪ್ ಬಳ್ಕೊಂಡು, ಕೇಳಿದ್ರೆ "ನಮ್ಮಪ್ಪ ಬಿಳಿಯ, ಅಮ್ಮ ಕಪ್ಪು" ಅಂತ ಹೇಳ್ತಿದ್ಲು.

ಐನಾ ರೇ ಹಟನ್ ನೆನಪಿದ್ಯಾ? ಅಲ್ಲಿ ಕಪ್ಪು ಮನೆತನದ ಹೆಣ್ಣು ಬಿಳಿಯಳಾಗಿ ನಿಂತಳು. ಇಲ್ಲಿ ಬಿಳಿ ಹುಡುಗಿ ಕಪ್ಪಗೆ ಬಳ್ಕೊಂಡು ನಿಂತಳು. ಒಬ್ಬಳಿಗೆ ಅದು ಬದುಕಿನ ದಾರಿ, ಇನ್ನೊಬ್ಬಳು ಬ್ಯಾಂಡಿಗೋಸ್ಕರ ತಗೊಂಡ ರಿಸ್ಕ್. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗೋಕಾಗಲ್ಲ. ಆದ್ರೆ ಇಬ್ಬರಿಗೂ ಸುಮ್ನೆ ಬಂದು ಬಾರಿಸಿ ಹೋಗೋ ಭಾಗ್ಯ ಇರಲಿಲ್ಲ.

1945ರಲ್ಲಿ ಸ್ವೀಟ್‌ಹಾರ್ಟ್ಸ್ ಯುರೋಪಿಗೆ ಹೋಗಿ ಅಲ್ಲಿದ್ದ ಅಮೆರಿಕದ ಸೈನಿಕರ ಮುಂದೆ ಬಾರಿಸಿದ್ರು. ಆಗ ಸೇನೆಯಲ್ಲೂ ಕಪ್ಪು ತುಕಡಿ ಬೇರೆ, ಬಿಳಿ ತುಕಡಿ ಬೇರೆ. ಕಪ್ಪು ಸೈನಿಕರು ತಮಗೆ ಈ ಬ್ಯಾಂಡ್ ಬೇಕು ಅಂತ ಪತ್ರ ಬರೆದು ಕೇಳಿದ್ರು.

ಅವರು ಬಾರಿಸಿದ್ದು ಹೇಗಿತ್ತು ಅಂತ ಮಾತಲ್ಲಿ ಹೇಳೋಕೆ ನನಗೆ ಬರಲ್ಲ. ಕಿರುಚಿತ್ರಗಳಿವೆ, ಸೈನಿಕರಿಗೆ ಅಂತ ಮಾಡಿದ 'ಜೂಬಿಲಿ' ರೇಡಿಯೋ ಕಾರ್ಯಕ್ರಮದ ಧ್ವನಿಮುದ್ರಣ ಇದೆ. ಒಂದು ಕೆಲಸ ಮಾಡಿ. ಫೋನ್ ತಿರುಗಿಸಿಟ್ಟು, ಸ್ಕ್ರೀನ್ ನೋಡದೆ, ವೈ ಬರ್ನ್‌ಸೈಡ್‌ಳ ಸ್ಯಾಕ್ಸೊಫೋನ್ ಬರೋವರೆಗೂ ಕೇಳಿ. ನಮ್ಮ ಹಾಸ್ಟೆಲ್‌ನ ಮೂರು ಜನಕ್ಕೆ ಹೀಗೆ ಕೇಳಿಸಿದೆ. ಮೂವರೂ "ಯಾರೋ ಇದು, ಸಖತ್ತಾಗಿದಾನೆ" ಅಂದ್ರು. ಮೂವರೂ ಹುಡುಗಿಯರೇ.

9/10

ಈಗ ನಿಮ್ಮ ದೊಡ್ಡ ವಾದಕ್ಕೆ ಬರ್ತೀನಿ: "ಅಷ್ಟು ಚೆನ್ನಾಗಿದ್ದಿದ್ರೆ ಚರಿತ್ರೆ ನೆನಪಿಟ್ಕೊಳ್ತಿತ್ತು."

ಚರಿತ್ರೆ ತಾನಾಗೇ ನೆನಪಿಟ್ಕೊಳ್ಳಲ್ಲ. ವೋಚರ್ ಇದ್ರೆ ಎಂಟ್ರಿ. ಜಾಝ್‌ನಲ್ಲಿ ವೋಚರ್ ಅಂದ್ರೆ ರೆಕಾರ್ಡ್.

ಹೆಂಗಸರ ಬ್ಯಾಂಡ್‌ಗಳಿಗೆ ಹೆಚ್ಚು ಬೇಡಿಕೆ ಬಂದಿದ್ದು ಎರಡನೇ ಮಹಾಯುದ್ಧದ ಕಾಲದಲ್ಲಿ, ಗಂಡಸರು ಸೇನೆಗೆ ಹೋದಾಗ. ಸರಿಯಾಗಿ ಆಗಲೇ, 1942ರ ಆಗಸ್ಟ್ 1ರಿಂದ, ಜೇಮ್ಸ್ ಪೆಟ್ರಿಲ್ಲೊ ನೇತೃತ್ವದ ಸಂಗೀತಗಾರರ ಯೂನಿಯನ್ ರೆಕಾರ್ಡಿಂಗ್ ಮುಷ್ಕರ ಮಾಡ್ತು. ಸಂಗೀತಗಾರರ ಹಕ್ಕಿಗಾಗಿ ಮಾಡಿದ್ದು, ಅದರ ಮೇಲೆ ನನಗೆ ಸಿಟ್ಟಿಲ್ಲ. ಡೆಕ್ಕಾ 1943ರಲ್ಲಿ ರಾಜಿಯಾಯ್ತು, ಉಳಿದ ಎರಡು ದೊಡ್ಡ ಕಂಪನಿ 1944ರ ನವೆಂಬರ್‌ವರೆಗೂ ಎಳೆದ್ವು. ಗುಡ್‌ಮನ್, ಬೇಸಿ ಅವರ ರೆಕಾರ್ಡ್ ಮುಷ್ಕರಕ್ಕೆ ಮುಂಚೆಯೇ ರಾಶಿ ಇತ್ತು. ಇವರನ್ನ ಮುಂಚೆ ಕರೆದಿದ್ದೇ ಕಮ್ಮಿ, ಬೇಡಿಕೆ ಬಂದಾಗ ಸ್ಟುಡಿಯೋ ಬಾಗಿಲು ಹಾಕಿತ್ತು.

1944ರಲ್ಲಿ ಸರ್ಕಾರ ಕುಣಿತ, ಹಾಡು ಇರೋ ಕ್ಲಬ್ಬುಗಳ ಮೇಲೆ ತೆರಿಗೆ ಹಾಕ್ತು. ಮೊದಲು ಶೇ 30, ಆಮೇಲೆ ಶೇ 20. ಡ್ಯಾನ್ಸ್ ಬ್ಯಾಂಡ್ ಇಡೋದೇ ಮಾಲೀಕರಿಗೆ ನಷ್ಟ. ಯುದ್ಧ ಮುಗೀತು, ಗಂಡಸರು ವಾಪಸ್ ಬಂದ್ರು, ಇದ್ದ ಸ್ವಲ್ಪ ಕೆಲಸ ಅವರಿಗೆ ಹೋಯ್ತು. ದೊಡ್ಡ ಬ್ಯಾಂಡ್‌ಗಳ ಕಾಲವೇ ಮುಗೀತಾ ಬಂತು, ಗಂಡಸರದ್ದೂ ಮುಚ್ಚಿದ್ವು. ಆದ್ರೆ ಅವರ ಹತ್ರ ರೆಕಾರ್ಡ್ ಇತ್ತು. ಆಮೇಲೆ ಪುಸ್ತಕ ಬರೆದವರು ರೆಕಾರ್ಡ್ ಕೇಳಿ ಬರೆದ್ರು. ಸ್ವೀಟ್‌ಹಾರ್ಟ್ಸ್ ಅನ್ನೋ ಬ್ಯಾಂಡ್‌ನ ಹುಡುಕಿ ಸ್ಟೇಜಿಗೆ ಕರೆದು ಸನ್ಮಾನ ಮಾಡಿದ್ದು 1980ರಲ್ಲಿ, ಕಾನ್ಸಾಸ್ ಸಿಟಿಯ ಮಹಿಳಾ ಜಾಝ್ ಉತ್ಸವದಲ್ಲಿ. ಮೂವತ್ತು ವರ್ಷ ಆದ್ಮೇಲೆ.

ಟ್ರಯಲ್ ಬ್ಯಾಲೆನ್ಸ್ ತಾಳೆ ಆಗದಿದ್ರೆ ನಾವು ಏನು ಮಾಡ್ತೀವಿ? ವ್ಯತ್ಯಾಸವನ್ನ ಸಸ್ಪೆನ್ಸ್ ಅಕೌಂಟ್‌ಗೆ ಹಾಕ್ತೀವಿ. ತಪ್ಪು ಸಿಕ್ಕಮೇಲೆ ಸರಿಯಾದ ಖಾತೆಗೆ ವರ್ಗಾಯಿಸ್ತೀವಿ ಅನ್ನೋ ಷರತ್ತಿನ ಮೇಲೆ. 'ಹುಡುಗಿಯರ ಬ್ಯಾಂಡ್' ಅಂದ್ರೆ ಅದೇ ಸಸ್ಪೆನ್ಸ್ ಅಕೌಂಟ್. ಟ್ರಂಪೆಟ್ ಖಾತೆಗೆ ಹೋಗ್ಬೇಕಾದವಳು, ಡ್ರಮ್ಸ್ ಖಾತೆಗೆ ಹೋಗ್ಬೇಕಾದವಳು, ಹಾಡು ಬರೆದವಳು, ಯಜಮಾನಿ, ಎಲ್ಲರನ್ನೂ ಒಂದೇ ಕಡೆ ತುರುಕಿ ಪುಸ್ತಕ ಮುಚ್ಚಿಬಿಟ್ರು. ವರ್ಗಾವಣೆ ಆಗಲೇ ಇಲ್ಲ.

10/10

ನಿಮ್ಮ ಪ್ರಶ್ನೆಗಳು ಗೊತ್ತು. ಒಂದೊಂದಾಗಿ ಹೇಳಿ ಮುಗಿಸ್ತೀನಿ.

"ಎಲ್ಲಾ ಹೆಂಗಸರ ಬ್ಯಾಂಡೂ ಸೂಪರ್ ಅಂತೀಯಾ?" ಇಲ್ಲಪ್ಪ. ಕೆಟ್ಟದಾಗಿ ಬಾರಿಸಿದವರೂ ಇದ್ದೇ ಇರ್ತಾರೆ, ಗಂಡಸರಲ್ಲಿ ಇದ್ದ ಹಾಗೇ. ಆದ್ರೆ ಗಂಡಸರ ಬ್ಯಾಂಡ್ ಕೆಟ್ಟದಾದ್ರೆ ಆ ಬ್ಯಾಂಡ್ ಕೆಟ್ಟದು. ಹೆಂಗಸರದ್ದು ಕೆಟ್ಟದಾದ್ರೆ ಹೆಂಗಸರೇ ಕೆಟ್ಟವರು ಅಂತ ಪತ್ರಿಕೆಯಲ್ಲಿ ಲೇಖನ ಬರುತ್ತೆ. ಕೆಟ್ಟದಾಗಿ ಬಾರಿಸೋ ಹಕ್ಕೂ ಸಮಾನವಾಗಿರಲಿ.

"ಪಬ್ಲಿಸಿಟಿ ಸಿಗುತ್ತಲ್ಲ?" ಸಿಗುತ್ತೆ. ಆ ಬೋರ್ಡ್ ಜನರನ್ನ ಹಾಲ್ ಒಳಗೆ ಕರ್ಕೊಂಡು ಬರುತ್ತೆ. ಬಂದವರ ಕಿವಿಯನ್ನ ಮಾತ್ರ ಹೊರಗೇ ನಿಲ್ಲಿಸಿ ಬರುತ್ತೆ. ನಮ್ಮ ಜಡ್ಜ್‌ಗಳಿಗೆ ಆಗಿದ್ದೂ ಅದೇ ಅಂತ ನನ್ನ ಅನುಮಾನ. ಅವರು ಕೂರೋ ಮುಂಚೆಯೇ ನನ್ನ ಪೋಸ್ಟರ್ ಹೇಳಿಬಿಟ್ಟಿತ್ತು, ಇದು ಬೇರೆ ಐಟಂ, ಬೇರೆ ಮಾರ್ಕ್ಸ್ ಅಂತ. ಅವರನ್ನ ಬೈಯ್ಯೋ ಮುಂಚೆ ನನ್ನನ್ನ ಬೈಕೊಳ್ಳಬೇಕು.

"ಹಾಗಾದ್ರೆ ಹುಡುಗಿಯರು ಅಂತ ಹೇಳಲೇ ಬಾರದಾ?" ಹೇಳಿ. ನಾನು ಹತ್ತು ಪೋಸ್ಟ್ ತುಂಬಾ ಅದನ್ನೇ ಹೇಳಿದ್ದೀನಿ. ಆದ್ರೆ ಹೆಸರು ಮೊದಲು ಹೇಳಿ, ವಾದ್ಯ ಹೇಳಿ, ಏನು ಬಾರಿಸಿದ್ರು ಹೇಳಿ. ಅದಾದ್ಮೇಲೆ ಜಾಗ ಉಳಿದ್ರೆ ಉಳಿದದ್ದು. ಬ್ಲಾಂಚ್‌ಳ ಕಥೆಯಲ್ಲಿ ಅವಳು ಹೆಂಗಸು ಅನ್ನೋದು ಮುಖ್ಯ, ಯಾಕಂದ್ರೆ ಅದಕ್ಕೆ ಅವಳು ಬೆಲೆ ತೆತ್ತಳು. ನನ್ನ ಪೋಸ್ಟರಿನಲ್ಲಿ ಅದು ಮುಖ್ಯ ಆಗಿರಲಿಲ್ಲ, ಅಲಂಕಾರ ಆಗಿತ್ತು.

ಮೊನ್ನೆ ಆ ಡ್ರಮ್ಮರ್‌ಗೆ ಸಾರಿ ಅಂತ ಮೆಸೇಜ್ ಹಾಕಿದೆ. ಹೊಸ ಪೋಸ್ಟರ್ ಮಾಡಿ ಕಳಿಸಿದೆ, ಫೆಸ್ಟ್ ಮುಗಿದ ಮೇಲೆ ಅದಕ್ಕೇನೂ ಅರ್ಥ ಇಲ್ಲ ಅಂತ ಗೊತ್ತಿದ್ದೂ. ತಂಡದ ಹೆಸರು, ಐದು ಜನರ ಹೆಸರು, ಐದು ವಾದ್ಯ, ಕಪ್ಪು ಅಕ್ಷರ. ಅವಳು ನೋಡಿ, "ನನ್ನ ಹೆಸರಿನ ಸ್ಪೆಲ್ಲಿಂಗ್ ತಪ್ಪಿದೆ" ಅಂದ್ಲು. ತಿದ್ದಿದೆ.

ಇನ್ನು ನಿಮ್ಮ ಸರದಿ. ಯಾವುದಾದ್ರೂ ರೀಲ್ ಕೆಳಗೆ "ಹುಡುಗಿಯಾಗಿ ಎಷ್ಟು ಚೆನ್ನಾಗಿ ಬಾರಿಸ್ತಾಳೆ" ಅಂತ ಟೈಪ್ ಮಾಡಿದಾಗ, ಪೋಸ್ಟ್ ಒತ್ತೋ ಮುಂಚೆ ಮೊದಲ ಪದ ಡಿಲೀಟ್ ಮಾಡಿ. ಉಳಿದಿದ್ದನ್ನ ಓದಿ ನೋಡಿ. ಹೊಗಳಿಕೆ ಕಮ್ಮಿ ಆಯ್ತಾ, ಜಾಸ್ತಿ ಆಯ್ತಾ?

ಒಪ್ಪದೇ ಇರೋರು ಕಾಮೆಂಟಿಗೆ ಬನ್ನಿ. ಆದ್ರೆ ಸ್ವೀಟ್‌ಹಾರ್ಟ್ಸ್ ಕೇಳಿದ ಮೇಲೆ ಬನ್ನಿ.

#ಸ್ವಿಂಗ್ #ಜಾಝ್ #ಹೆಸರುಮೊದಲು #ಸ್ವೀಟ್‌ಹಾರ್ಟ್ಸ್ #ಬಿಕಾಂಬರಹ